ಐದನೇ ಪ್ರತಿವಾದಿ

ನನ್ನ ಅಪ್ಪ ಮಂಡ್ಯದ ಕೋರ್ಟಿನ ಗೇಟಿನ ಪಕ್ಕ ಹೊಂಗೆ ಮರದ ಕೆಳಗೆ ಟೇಬಲ್ ಹಾಕಿಕೊಂಡು ಟೈಪ್ ಮಾಡುತ್ತಿದ್ದ. ನಾನು ಚಿಕ್ಕವಳಿದ್ದಾಗ ಅವನ ಮುಂದೆ ಟೈಪ್‌ರೈಟರು ಇರುತ್ತಿತ್ತು. ಆಮೇಲೆ ಹಳೆಯ ಲ್ಯಾಪ್‌ಟಾಪೊಂದು ಬಂತು, ಪಕ್ಕದಲ್ಲಿ ಪ್ರಿಂಟರು, ಮಳೆ ಬಂದರೆ ಎರಡನ್ನೂ ಮುಚ್ಚಲು ನೀಲಿ ಟಾರ್ಪಾಲು. ಮದ್ದೂರಿನ ನಮ್ಮ ಮನೆಯಿಂದ ಬೆಳಗಿನ ರೈಲಿಗೆ ಹೋಗಿ ಸಂಜೆಯ ರೈಲಿಗೆ ಬರುತ್ತಿದ್ದ. ಜಮೀನಿನ ಪಾಲು, ಗದ್ದೆಗೆ ಹೋಗುವ ದಾರಿಯ ಜಗಳ, ಚೆಕ್ ಬೌನ್ಸು, ಗಂಡ ಹೆಂಡಿರ ತಕರಾರು, ಎಲ್ಲವೂ ಅವನ ಬೆರಳುಗಳ ಕೆಳಗೆ ಹಾದುಹೋಗುತ್ತಿದ್ದವು. ಊಟಕ್ಕೆ ಕೂತಾಗ ಹೆಸರು ಬಿಟ್ಟು ಕಥೆ ಮಾತ್ರ ನಮಗೆ ಹೇಳುತ್ತಿದ್ದ. ಅಮ್ಮ "ಅಯ್ಯೋ, ಹಂಗ್ ಮಾಡ್ಬುಟ್ನಾ ತಮ್ಮನಿಗೆ?" ಅಂದರೆ, "ಕೋರ್ಟಿಗೆ ಬಂದವ್ನಲ್ಲ, ಇನ್ನು ಸರಿಯಾಯ್ತದೆ ಬುಡು" ಅನ್ನುತ್ತಿದ್ದ. ಅಷ್ಟು ವರ್ಷ ಅಲ್ಲಿ ಕೂತವರು ಬೇರೆಯವರಾಗಿದ್ದರೆ ಕೋರ್ಟಿನ ಮೇಲಿನ ನಂಬಿಕೆ ಕಳೆದುಕೊಳ್ಳುತ್ತಿದ್ದರೇನೋ. ಅಪ್ಪನಿಗೆ ಅದು ಹೆಚ್ಚಾಗುತ್ತಲೇ ಹೋಗಿತ್ತು.

ನಾನು ಹಾಡುತ್ತಿದ್ದೆ. ಮದ್ದೂರಿನಲ್ಲಿ ಒಬ್ಬ ಮೇಡಂ ಹತ್ತಿರ ಭಾನುವಾರ ಭಾವಗೀತೆ ಕಲಿಯುತ್ತಿದ್ದೆ. ಎಲ್ಲಿ ಸ್ಪರ್ಧೆಯಿದ್ದರೂ ಅಪ್ಪ ಕೆಲಸ ಬಿಟ್ಟು ಬರುತ್ತಿದ್ದ, ಮುಂದಿನ ಸಾಲಿನಲ್ಲಿ ಕೂರುತ್ತಿದ್ದ, ನನ್ನ ಹಾಡನ್ನೂ ಮಿಕ್ಕವರ ಹಾಡನ್ನೂ ಮೊಬೈಲಿನಲ್ಲಿ ವಿಡಿಯೊ ಮಾಡುತ್ತಿದ್ದ. ಮನೆಗೆ ಬಂದ ಮೇಲೆ ಎಲ್ಲವನ್ನೂ ಮತ್ತೆ ಹಾಕಿ, "ನೋಡು, ಈ ಮಗ ಇಲ್ಲಿ ಸ್ರುತಿ ಬುಟ್ಟವ್ನೆ" ಎಂದು ತೋರಿಸುತ್ತಿದ್ದ. ಅವನಿಗೆ ಸಂಗೀತ ಬರುತ್ತಿರಲಿಲ್ಲ. ನಾನು ಗೆಲ್ಲಬೇಕು ಅನ್ನುವುದು ಮಾತ್ರ ಬರುತ್ತಿತ್ತು.

ನಾನು ಮೊದಲನೇ ಪಿಯುಸಿಯಲ್ಲಿದ್ದ ವರ್ಷ ಮಂಡ್ಯದಲ್ಲಿ ಜಿಲ್ಲಾ ಮಟ್ಟದ ಸ್ಪರ್ಧೆ ನಡೆಯಿತು. ಏಕವ್ಯಕ್ತಿ ಗಾಯನ, ಕನ್ನಡದ ಯಾವ ಹಾಡಾದರೂ ಸರಿ, ಐದು ನಿಮಿಷದ ಮಿತಿ. ಮೊದಲ ಸ್ಥಾನ ಬಂದವರೊಬ್ಬರೇ ಬೆಂಗಳೂರಿನ ರಾಜ್ಯಮಟ್ಟದ ಸ್ಪರ್ಧೆಗೆ. ನಾನು ಹಾಡಿ ಇಳಿದೆ. ತಪ್ಪಿಲ್ಲದೆ ಹಾಡಿದ್ದೆ. ಮೇಡಂ ಹೇಳಿಕೊಟ್ಟ ಜಾಗದಲ್ಲೆಲ್ಲ ಗಮಕ ಬಿದ್ದಿತ್ತು. ಅಪ್ಪ ಹೆಬ್ಬೆರಳು ಎತ್ತಿ ತೋರಿಸಿದ.

ಸ್ವಲ್ಪ ಹೊತ್ತಿನ ಮೇಲೆ ಮಳವಳ್ಳಿ ಕಡೆಯ ಹುಡುಗಿಯೊಬ್ಬಳು ವೇದಿಕೆ ಹತ್ತಿದಳು. ಕಾಲೇಜಿನ ಸಮವಸ್ತ್ರದಲ್ಲೇ ಬಂದಿದ್ದಳು. ಜೊತೆಗೆ ಶ್ರುತಿಪೆಟ್ಟಿಗೆಯಿಲ್ಲ, ತಾಳ ಹಾಕುವವರಿಲ್ಲ. ಹಾಡಲು ಶುರು ಮಾಡಿದಳು. ಒಂದು ಚರಣ ಆಗುವಷ್ಟರಲ್ಲಿ ಮೈಕು ಕುಯ್ಯೆಂದು ಕೂಗಲು ಶುರುವಾಯಿತು. ತೀರ್ಪುಗಾರರಲ್ಲಿ ವಯಸ್ಸಾದ ಒಬ್ಬ ಮೇಷ್ಟ್ರು ಕೈ ಎತ್ತಿ, "ನಿಲ್ಸಮ್ಮ, ಮೈಕ್ ಸರಿ ಮಾಡ್ತಾರೆ. ಮೊದಲಿಂದ ಹಾಡು" ಅಂದರು. ಹುಡುಗ ಒಬ್ಬ ಓಡಿ ಬಂದು ವೈರು ತಿರುವಿದ. ಅವಳು ಮತ್ತೆ ಶುರು ಮಾಡಿದಳು.

ಅದು ನಾಟಿ ಹಾಡು. ಭತ್ತದ ಪೈರು ನೆಡುವಾಗ ಹೆಂಗಸರು ಒಬ್ಬರಿಗೊಬ್ಬರು ಎತ್ತಿಕೊಡುವ ಹಾಡು. ಅವಳು ಒಬ್ಬಳೇ ಹಾಡುತ್ತಿದ್ದರೂ ಬೇರೆ ಹೆಂಗಸರ ದನಿಯೂ ಕೇಳಿದ ಹಾಗಾಗುತ್ತಿತ್ತು. ದನಿ ಸ್ವಲ್ಪ ಒರಟು. ಉಸಿರು ತೆಗೆದುಕೊಳ್ಳುವುದು ಕೇಳಿಸುತ್ತಿತ್ತು. ಆದರೆ ನಾನು ಸ್ಪರ್ಧೆಗೆ ಬಂದವಳು ಅನ್ನುವುದನ್ನೇ ಮರೆತು ಕೂತಿದ್ದೆ. ಮುಗಿದಾಗ ಎಲ್ಲರಿಗಿಂತ ಮೊದಲು ಚಪ್ಪಾಳೆ ಹೊಡೆದಿದ್ದು ನಾನು.

ಅವಳಿಗೆ ಮೊದಲ ಸ್ಥಾನ ಬಂತು. ನನಗೆ ಎರಡನೆಯದು. ನನಗೆ ಬೇಸರವಾಯಿತು, ಆಶ್ಚರ್ಯ ಮಾತ್ರ ಆಗಲಿಲ್ಲ.

ರೈಲಿನಲ್ಲಿ ಅಪ್ಪ ಇಯರ್‌ಫೋನ್ ಹಾಕಿಕೊಂಡು ಅವಳ ವಿಡಿಯೊ ನೋಡುತ್ತಾ ಕೂತ. ಮದ್ದೂರು ಹತ್ತಿರವಾದಾಗ ಅದನ್ನು ಕಿವಿಯಿಂದ ತೆಗೆದು, "ಆರು ನಿಮಿಸದ ಮೇಲೆ ಆಡವ್ಳೆ ಕಣವ್ವ" ಅಂದ.

"ಮೈಕು ಕೆಟ್ಟಿತ್ತಲ್ಲಪ್ಪ. ಅವ್ರೇ ಮೊದ್ಲಿಂದ ಹಾಡು ಅಂದ್ರು."

"ಮೈಕ್ ಕೆಟ್ರೆ ಟೈಮನ್ನೂ ಮೊದ್ಲಿಂದ ಎಣಿಸ್ಬೇಕು ಅಂತ ರೂಲ್ಸಲ್ಲಿ ಎಲ್ಲೈತೆ? ಟೈಮ್ ಮೀರಿದ್ರೆ ಮಾರ್ಕ್ಸ್ ಕಡೀಬೇಕು ಅಂತೈತೆ. ಕಡಿದಿದ್ರೆ ನೀನೇ ಫಸ್ಟು."

ಆ ಹೊತ್ತಿನಲ್ಲಿ ಹೇಳಬೇಕಾಗಿದ್ದ ಮಾತು ಮೈಕಿನದಾಗಲಿ ಟೈಮಿನದಾಗಲಿ ಅಲ್ಲ ಅಂತ ನನಗೆ ಗೊತ್ತಿತ್ತು. ಆದರೆ ಕೆಲಸ ಬಿಟ್ಟು ಬಂದು, ಬೆಳಗಿನಿಂದ ಮುಂದಿನ ಸಾಲಿನಲ್ಲಿ ಕೂತಿದ್ದ ಮನುಷ್ಯನಿಗೆ, ಅವಳು ನನಗಿಂತ ಚೆನ್ನಾಗಿ ಹಾಡಿದಳು ಅಂತ ಹೇಗೆ ಹೇಳುವುದು? ಅವನ ಮುಖ ಬಾಡುವುದನ್ನು ನೋಡಲು ನನಗೆ ಮನಸ್ಸಿರಲಿಲ್ಲ.

ಅಪ್ಪ ಸ್ಪರ್ಧೆಯ ಸಮಿತಿಗೆ ತಕರಾರು ಅರ್ಜಿ ಕೊಟ್ಟ. ಅವರು ಅದರ ಮೇಲೇ, ತೀರ್ಪುಗಾರರ ತೀರ್ಮಾನವೇ ಅಂತಿಮ ಎಂದು ಬರೆದು ವಾಪಸ್ ಕೊಟ್ಟರು. ಆ ಒಂದು ಮಾತು ಅಪ್ಪನನ್ನು ಕೆರಳಿಸಿತು.

"ಯಾವ ತೀರ್ಮಾನ ಕಣವ್ವ ಅಂತಿಮ? ಮಂಡ್ಯದ ಕೋರ್ಟಿನ ಮೇಲೆ ಐಕೋರ್ಟೈತೆ. ಅದ್ರ ಮೇಲೂ ಒಂದೈತೆ. ಈ ಆಡು ಕೇಳೋ ಮೂರ್ ಜನದ ಮೇಲೆ ಮಾತ್ರ ಯಾರೂ ಇಲ್ವಾ?"

"ಆಡಕ್ಕೋಗಿ ಯಾರಾದ್ರೂ ಕೋರ್ಟಿಗೋಯ್ತಾರಾ?" ಅಂದಳು ಅಮ್ಮ. "ಮಕ್ಕಳಾಟ ಕಣಿ ಇದು. ಬುಟ್ಬುಡಿ."

"ಇಷ್ಟ್ ವರ್ಸ ಬ್ಯಾರೇರ್ ಅನ್ಯಾಯನೆಲ್ಲ ಟೈಪ್ ಒಡ್ದಿದೀನಿ. ನನ್ ಮಗಳ್ದು ಒಂದು ಒಡ್ಯಕ್ಕಾಗಲ್ವಾ?" ಅಂದ ಅಪ್ಪ.

ಅಪ್ಪನಿಂದ ಸದಾ ಟೈಪ್ ಮಾಡಿಸುತ್ತಿದ್ದ ವಕೀಲರೊಬ್ಬರು ಕೇಸು ಹಿಡಿದರು. ಅವರು ಮೊದಲೇ ಅಪ್ಪನಿಗೆ ಬಿಡಿಸಿ ಹೇಳಿದ್ದರು. ಯಾರು ಚೆನ್ನಾಗಿ ಹಾಡಿದರು ಅನ್ನುವುದಕ್ಕೆ ಕೋರ್ಟು ಕೈ ಹಾಕುವುದಿಲ್ಲ, ನಿಯಮ ಮುರಿದಿದ್ದಾರೆಯೇ ಅನ್ನುವುದನ್ನು ಮಾತ್ರ ನೋಡುತ್ತದೆ, ಅದನ್ನೇ ಗಟ್ಟಿಯಾಗಿ ಹಿಡಿಯಬೇಕು ಎಂದು. ಒಂದು ಶನಿವಾರ ಕಾಲೇಜು ಬೇಗ ಬಿಟ್ಟಾಗ ನಾನು ಅಪ್ಪನ ಟೇಬಲಿನ ಹತ್ತಿರ ಹೋದೆ. ಅವನು ನನ್ನ ದಾವೆಯನ್ನೇ ಟೈಪ್ ಮಾಡುತ್ತಿದ್ದ. ವಾದಿಯ ಜಾಗದಲ್ಲಿ ನನ್ನ ಹೆಸರು, ಅಪ್ರಾಪ್ತ ವಯಸ್ಕಳಾದ್ದರಿಂದ ತಂದೆಯ ಮೂಲಕ ಎಂದು ಅವನ ಹೆಸರು. ಒಂದನೇ ಪ್ರತಿವಾದಿ ಸಮಿತಿಯ ಅಧ್ಯಕ್ಷರು. ಎರಡು, ಮೂರು, ನಾಲ್ಕು ತೀರ್ಪುಗಾರರು. ಐದನೇ ಪ್ರತಿವಾದಿಯ ಜಾಗದಲ್ಲಿ ಅವಳ ಹೆಸರಿತ್ತು. ಅಜ್ಜಿಯ ಪೋಷಣೆಯಲ್ಲಿರುವವಳು, ಮಳವಳ್ಳಿ ತಾಲ್ಲೂಕಿನ ಇಂಥ ಗ್ರಾಮ ಎಂದಿತ್ತು.

"ಅವಳನ್ನ ಯಾಕಪ್ಪ ಸೇರಿಸ್ತಿದೀಯ? ಅವಳೇನ್ ಮಾಡಿದ್ಲು?"

"ಅವಳ ಬೌಮಾನದ ಮೇಲೆ ತಾನೆ ದಾವಾ. ಅವಳನ್ನ ಬುಟ್ರೆ ಕೇಸೇ ನಿಲ್ಲಲ್ಲ. ಎಸರಿಗೆ ಅಷ್ಟೇಯ" ಅಂದ. ಪ್ರಿಂಟರಿನಿಂದ ಹಾಳೆಗಳು ಬಿಸಿಬಿಸಿಯಾಗಿ ಬಂದವು. ಅಪ್ಪ ಅವನ್ನು ತಟ್ಟಿ ಅಂಚು ಸರಿಮಾಡಿದ. ಅವನ ಮುಖದಲ್ಲಿ ನಾನು ಹತ್ತನೇ ತರಗತಿ ಪಾಸಾದ ದಿನದ ಸಂತೋಷವಿತ್ತು.

ಮೊದಲ ದಿನವೇ ಕೋರ್ಟು, ಮುಂದಿನ ತಾರೀಖಿನವರೆಗೆ ಯಥಾಸ್ಥಿತಿ ಕಾಪಾಡಬೇಕು ಎಂದು ಆದೇಶ ಕೊಟ್ಟಿತು. ಆ ಸಂಜೆ ಅಪ್ಪ ಮೈಸೂರು ಪಾಕು ತಂದ. ನನ್ನನ್ನು ರಾಜ್ಯಮಟ್ಟಕ್ಕೆ ಕಳಿಸುತ್ತಾರೆ ಅಂತಲೇ ಅವನು ತಿಳಿದಿದ್ದ. ಮಾರನೇ ದಿನ ವಕೀಲರು ವಿವರಿಸಿದರು: ಯಥಾಸ್ಥಿತಿ ಅಂದರೆ ಯಾರನ್ನೂ ಕಳಿಸುವಂತಿಲ್ಲ. ತಾರೀಖಿನ ದಿನ ವಾದ ಮಾಡಿ ಗೆದ್ದರೆ ಆಗ ನನ್ನ ಹೆಸರು ಹೋಗುತ್ತದೆ. ತಾರೀಖಿಗೂ ರಾಜ್ಯಮಟ್ಟದ ಸ್ಪರ್ಧೆಗೂ ನಡುವೆ ಒಂದು ವಾರ ಇರುವುದರಿಂದ ತೊಂದರೆಯಿಲ್ಲ.

ಆ ತಾರೀಖಿಗೆ ನಾನೂ ಹೋದೆ. ಕೋರ್ಟಿನ ಮೊಗಸಾಲೆಯಲ್ಲಿ ಜನ ಗೋಡೆಗೊರಗಿ ನಿಂತಿದ್ದರು. ಅಪ್ಪ ವಕೀಲರನ್ನು ಹುಡುಕಿಕೊಂಡು ಹೋದ. ನನಗೆ ಬೆಂಚಿನ ತುದಿಯಲ್ಲಿ ಜಾಗ ಸಿಕ್ಕಿತು. ಕೂತ ಮೇಲೆ ನೋಡಿದರೆ ಅದೇ ಬೆಂಚಿನಲ್ಲಿ ಅವಳು. ಅದೇ ಸಮವಸ್ತ್ರ. ಪಕ್ಕದಲ್ಲಿ ಅವಳ ಅಜ್ಜಿ, ಹೊಸ ಸೀರೆ, ಕಾಲಿನ ಬೆರಳ ಸಂದಿಯಲ್ಲಿ ಇನ್ನೂ ಗದ್ದೆಯ ಕೆಸರಿನ ಗುರುತು.

ಅವಳು ನನ್ನನ್ನು ಗುರುತಿಸಿ ಅಜ್ಜಿಯ ಕಿವಿಯಲ್ಲಿ ಏನೋ ಅಂದಳು. ಅಜ್ಜಿ ನನ್ನ ಕಡೆ ಪೂರ್ತಿ ತಿರುಗಿ ಕೂತಿತು.

"ಏನವ್ವಾ, ನೀನೇನಾ ನಮ್ಮುಡ್ಗಿ ಮ್ಯಾಲೆ ಕೇಸಾಕಿರೋಳು?"

ನಾನು ಹೌದು ಅನ್ನಲಿಲ್ಲ, ಅಲ್ಲ ಅನ್ನಲೂ ಇಲ್ಲ. "ನಮ್ಮಪ್ಪ" ಅಂದೆ.

"ಇವ್ಳೇನವ್ವ ಮಾಡಿದ್ದು? ಆಡು ಅಂದ್ರು, ಆಡಿದ್ಲು. ನಿಲ್ಸು ಅಂದ್ರು, ನಿಲ್ಸಿದ್ಲು. ಕೊಟ್ರು, ಈಸ್ಕಂಡ್ಲು. ನಾವೇನ್ ಕೇಳ್ಕಂಡೋಗಿದ್ವಾ?"

"ಸುಮ್ನಿರಜ್ಜಿ" ಅಂದಳು ಅವಳು.

"ಏನ್ ಸುಮ್ನಿರೋದು? ಕೋರ್ಟಿನ್ ಅಮೀನ ಸಮನ್ಸ್ ಇಡ್ಕಂಡ್ ಬಂದು ಊರ್ ಮುಂದೆ ನಿಂತ್ಕಂಡು ನಿನ್ ಎಸರು ಕೂಗ್ದಾಗ ನಾನ್ ಗದ್ದೇಲಿದ್ದೆ. ಏನ್ ಕದ್ಲೋ ಅಂತ ಎಲ್ರೂ ಬಂದ್ ನನ್ ಮಖ ನೋಡ್ತಾರೆ."

ಅಜ್ಜಿ ಬೈಯುತ್ತಿದೆ ಅಂದುಕೊಂಡು ನಾನು ತಲೆ ತಗ್ಗಿಸಿದೆ. ಆದರೆ ಅದು ಬೈಗುಳವೂ ಆಗಿರಲಿಲ್ಲ. ತನಗೆ ಅರ್ಥವಾಗದ್ದನ್ನು ಅರ್ಥ ಮಾಡಿಸುವವರು ನಾನೇ ಇರಬೇಕು ಅನ್ನುವ ಹಾಗೆ ಅದು ನನ್ನನ್ನು ನೋಡುತ್ತಿತ್ತು. ಕೊನೆಗೆ ನೀರು ಕುಡಿದು ಬರುತ್ತೇನೆ ಎಂದು ಎದ್ದು ಹೋಯಿತು.

ಅವಳು ನನ್ನ ಕಡೆಗೆ ಸ್ವಲ್ಪ ಜರುಗಿದಳು. "ಒಂದ್ ಕೇಳ್ಲಾ?" ಅಂದಳು. "ನಿಮ್ಮಪ್ಪಂಗೆ ಕೋರ್ಟ್ ಕೆಲ್ಸ ಗೊತ್ತಂತಲ್ಲ. ನಂಗೆ ಪೊಲೀಸ್ ಆಗ್ಬೇಕು ಅಂತ ಆಸೆ. ಕೇಸ್ ಇದ್ದೋರ್ನ ಪೊಲೀಸಿಗೆ ತಗಳಲ್ವಂತೆ. ಇದೂ ಅದ್ರಲ್ಲಿ ಬತ್ತದಾ?"

"ಇಲ್ಲ, ಇದು ಸಿವಿಲ್ಲು" ಅಂದೆ. ಅಪ್ಪನ ಬಾಯಿಂದ ಕೇಳಿದ್ದ ಮಾತು ಅದು. "ಕ್ರಿಮಿನಲ್ ಅಲ್ಲ. ಏನೂ ಆಗಲ್ಲ."

"ದಿಟವಾ?"

"ದಿಟ."

ಅವಳು ಉಸಿರು ಬಿಟ್ಟಳು. ಸಮನ್ಸು ಬಂದ ದಿನದಿಂದ ಅವಳು ಅದನ್ನು ಯಾರನ್ನೂ ಕೇಳಲಾಗದೆ ಹೊಟ್ಟೆಯೊಳಗೆ ಇಟ್ಟುಕೊಂಡಿದ್ದಳು ಅನ್ನುವುದು ಆ ಉಸಿರಿನಲ್ಲೇ ಗೊತ್ತಾಯಿತು. ಆಮೇಲೆ ಏನೂ ಆಗಿಲ್ಲವೆಂಬಂತೆ, "ನೀನಾಡಿದ್ದು ಚೆಂದಾಗಿತ್ತು. ಆ ಕೊನೇಲಿ ಎಳೀತೀಯಲ್ಲ, ಅದು ಎಂಗೆ ಬತ್ತದೆ?" ಅಂದಳು. ನಾನು ನಗಲು ನೋಡಿದೆ. ನಿನ್ನದೇ ಚೆನ್ನಾಗಿತ್ತು ಅನ್ನಬೇಕಿತ್ತು. ಅಷ್ಟರಲ್ಲಿ ಕೋರ್ಟಿನಲ್ಲಿ ಹೆಸರು ಕೂಗುವವನು ಹೊರಗೆ ಬಂದು, ಜಡ್ಜ್ ಮೇಡಂ ರಜೆ, ಎಲ್ಲ ಕೇಸಿಗೂ ಮುಂದಿನ ತಾರೀಖು ಕೊಡುತ್ತಾರೆ ಎಂದು ಹೇಳಿದ.

ನಮಗೆ ಸಿಕ್ಕ ತಾರೀಖು ರಾಜ್ಯಮಟ್ಟದ ಸ್ಪರ್ಧೆ ಮುಗಿದ ಮೇಲಿನದು.

ಅಪ್ಪ ವಕೀಲರ ಹಿಂದೆ ಮೊಗಸಾಲೆಯ ಉದ್ದಕ್ಕೂ ಓಡಾಡಿದ. ಮೇಡಂ ಬದಲಿಗೆ ಪ್ರಭಾರದಲ್ಲಿರುವ ಜಡ್ಜು ಇಂಥದ್ದನ್ನು ಮುಟ್ಟುವುದಿಲ್ಲ, ಕಾಯಬೇಕು ಅಷ್ಟೆ ಎಂದರು ಅವರು. ಮೆಟ್ಟಿಲ ಹತ್ತಿರ ಅಜ್ಜಿ ಅಪ್ಪನನ್ನೇ ತಡೆದು ಕೇಳಿತು. "ಏನಂತೆ ಸ್ವಾಮಿ? ಮುಗೀತಾ?" ಅಪ್ಪ ಯಾರೆಂದು ಅದಕ್ಕೆ ಗೊತ್ತಿರಲಿಲ್ಲ. ಕರಿ ಪ್ಯಾಂಟು, ಬಿಳಿ ಶರ್ಟು ನೋಡಿ ಕೋರ್ಟಿನವನೇ ಅಂದುಕೊಂಡಿತ್ತು. ಅಪ್ಪ ಅದಕ್ಕೆ ಮುಂದಿನ ತಾರೀಖನ್ನು ಎರಡು ಸಲ ಹೇಳಿದ, ಮಳವಳ್ಳಿ ಬಸ್ಸು ಎಲ್ಲಿ ನಿಲ್ಲುತ್ತದೆ ಅಂತಲೂ ಹೇಳಿದ.

ಮನೆಗೆ ಬಂದ ಮೇಲೆ ನಾನು ಕೇಳಿದೆ. "ಅಪ್ಪ, ಕೇಸ್ ವಾಪಸ್ ತಗೊಳೋದಕ್ಕೆ ಆಗಲ್ವಾ? ತಗೊಂಡ್ರೆ ಅವಳಾದ್ರೂ ಹೋಗ್ಬೋದಲ್ಲ."

ಅಪ್ಪ ಬಟ್ಟೆ ಬದಲಿಸುತ್ತಿದ್ದವನು ನಿಂತ. "ಈಗ ವಾಪಸ್ ತಗಂಡ್ರೆ ನಾವೇ ತಪ್ ಮಾಡ್ದಂಗಾಯ್ತದೆ. ಓದ್ರೆ ಓಯ್ತು ಈ ವರ್ಸ. ರೂಲ್ಸ್ ಸರಿಯಾಗಿ ಮಾಡ್ಲಿ, ಮುಂದಿನ್ ಮಕ್ಕಳಿಗಾದ್ರೂ ಆಯ್ತದೆ." ಸ್ವಲ್ಪ ತಡೆದು, "ಯಾಕವ್ವ, ನಿಂಗೆ ಓಗೋ ಆಸೆ ಇಲ್ವಾ?" ಅಂದ.

"ಇದೆ" ಅಂದೆ. ಅದೂ ಸುಳ್ಳಲ್ಲ. ಆಸೆ ಇತ್ತು.

ರಾಜ್ಯಮಟ್ಟದ ಸ್ಪರ್ಧೆಯ ದಿನ ಭಾನುವಾರ. ಅಮ್ಮ ನನ್ನ ಮುಖ ನೋಡಿ, ಮನೆಯಲ್ಲಿ ಕೂತರೆ ಆಗುವುದಿಲ್ಲವೆಂದು ವೈದ್ಯನಾಥಪುರಕ್ಕೆ ಕರೆದುಕೊಂಡು ಹೋದಳು. ದೇವಸ್ಥಾನದ ಹಿಂದೆ ಹೊಳೆಯಲ್ಲಿ ನೀರು ಕಡಿಮೆಯಿತ್ತು. ಆಚೆ ದಡದ ಗದ್ದೆಯಲ್ಲಿ ನಾಟಿ ನಡೆಯುತ್ತಿತ್ತು. ಹೆಂಗಸರು ಬಗ್ಗಿದ್ದರು, ಯಾರೂ ಹಾಡುತ್ತಿರಲಿಲ್ಲ. ಯಾರದೋ ಮೊಬೈಲಿನಲ್ಲಿ ಸಿನಿಮಾ ಹಾಡು ಹಾಕಿದ್ದರು. ಈಗ ಅವಳೂ ಹೀಗೆಯೇ ಎಲ್ಲೋ ಬಗ್ಗಿರುತ್ತಾಳೆ, ಬೆಂಗಳೂರಿನ ಬಸ್ಸಿನಲ್ಲಿ ಇರಬೇಕಾಗಿದ್ದವಳು, ಅನ್ನಿಸಿತು. ಮಂಗಳಾರತಿ ತಟ್ಟೆ ಬಂದಾಗ ದೇವರಲ್ಲಿ ಏನು ಕೇಳಬೇಕು ಅಂತ ಗೊತ್ತಾಗದೆ ಸುಮ್ಮನೆ ಕಣ್ಣಿಗೊತ್ತಿಕೊಂಡೆ.

ಮುಂದಿನ ತಾರೀಖಿಗೆ ಜಡ್ಜ್ ಮೇಡಂ ಬಂದಿದ್ದರು. ನಮ್ಮ ಕೇಸು ಮಧ್ಯಾಹ್ನದ ಮೇಲೆ ಬಂತು. ಸಮಿತಿಯ ಕಡೆಯ ವಕೀಲರು ಎದ್ದು, "ಇವತ್ತು ಹಾಡಿಗೆ ಸ್ಟೇ ಕೊಟ್ಟರೆ ನಾಳೆ ರಂಗೋಲಿಗೆ ಬರ್ತಾರೆ, ನಾಡಿದ್ದು ವೇಷಭೂಷಣಕ್ಕೆ ಬರ್ತಾರೆ. ಕೋರ್ಟು ಕೂತು ಅಂಕ ಹಾಕೋದಕ್ಕಾಗುತ್ತಾ ಮೇಡಂ?" ಅಂದರು. ಯಾರೋ ಹಿಂದೆ ನಕ್ಕರು. ತೀರ್ಪುಗಾರರಾಗಿದ್ದ ಆ ವಯಸ್ಸಾದ ಮೇಷ್ಟ್ರು ಕೈಕಟ್ಟಿ ಬಾಗಿಲ ಹತ್ತಿರ ನಿಂತಿದ್ದರು. ನಮ್ಮ ವಕೀಲರು ಕಾಲಮಿತಿಯ ನಿಯಮ ಓದಿದರು, ಅಪ್ಪನ ವಿಡಿಯೊದ ವಿಷಯ ಹೇಳಿದರು.

ಜಡ್ಜ್ ಎಲ್ಲ ಕೇಳಿಸಿಕೊಂಡು, "ಮಕ್ಕಳು ಬಂದಿದಾರಾ?" ಎಂದು ಕೇಳಿದರು.

ನಾವಿಬ್ಬರೂ ಮುಂದೆ ಹೋದೆವು. ಅವಳು ತಪ್ಪು ಮಾಡಿದವಳ ಹಾಗೆ ಕೈಕಟ್ಟಿ ನಿಂತಳು. ಜಡ್ಜ್ ನನ್ನ ಕಡೆ ನೋಡಿ ಮೆತ್ತಗೆ ಕೇಳಿದರು. "ನೀನೇ ಅಲ್ವಾ ವಾದಿ? ಹೆದರ್ಬೇಡ. ಇದು ಸಾಕ್ಷಿ ಅಲ್ಲ, ಸುಮ್ನೆ ಕೇಳ್ತಿದೀನಿ. ಆವತ್ತು ಅಲ್ಲಿ ಏನಾಯ್ತು?"

ನಾನು ಮೈಕಿನ ವಿಷಯ ಹೇಳಿದೆ. ನಿಲ್ಲಿಸು ಅಂದಿದ್ದು, ಮೊದಲಿಂದ ಹಾಡು ಅಂದಿದ್ದು. ಅಷ್ಟಕ್ಕೇ ಸಾಕಾಗಿತ್ತು. ಆದರೆ ಪಕ್ಕದಲ್ಲಿ ಅವಳು ಇನ್ನೂ ಹಾಗೆಯೇ ಕೈಕಟ್ಟಿ ನಿಂತಿದ್ದಳು. "ಅವಳೇ ನನಗಿಂತ ಚೆನ್ನಾಗಿ ಹಾಡಿದ್ಲು ಮೇಡಂ" ಅಂದೆ. "ಆವತ್ತೇ ನನಗೆ ಗೊತ್ತಿತ್ತು."

ಹಾಲಿನಲ್ಲಿದ್ದ ವಕೀಲರೆಲ್ಲ ಹಿಂದಕ್ಕೆ ತಿರುಗಿದರು. ಅವರು ನೋಡುತ್ತಿದ್ದುದು ನನ್ನನ್ನಲ್ಲ, ಅಪ್ಪನನ್ನು. ಅವರಲ್ಲಿ ಎಲ್ಲರಿಗೂ ಅವನು ಗೊತ್ತು. ಎಲ್ಲರ ಕಾಗದವನ್ನೂ ಅವನು ಟೈಪ್ ಮಾಡಿದ್ದ. ಅಪ್ಪ ಗೋಡೆಯ ಹತ್ತಿರ ನಿಂತಿದ್ದ. ಮುಖದಲ್ಲಿ ಸಿಟ್ಟು ಇರಲಿಲ್ಲ. ದಾರಿಯಲ್ಲಿ ಯಾರೋ ಕರೆದರು ಎಂದು ತಿರುಗಿದವನು ಯಾರೂ ಕಾಣದಿದ್ದಾಗ ನಿಲ್ಲುವ ಹಾಗೆ ನಿಂತಿದ್ದ.

ಜಡ್ಜ್ ಅಲ್ಲೇ ಆದೇಶ ಹೇಳಿ ಬರೆಸಿದರು. ಕೆಟ್ಟ ಉದ್ದೇಶವೋ ಸ್ಪಷ್ಟವಾದ ನಿಯಮಭಂಗವೋ ಇದ್ದರೆ ನ್ಯಾಯಾಲಯ ನೋಡಬಹುದು, ಕಲೆಯ ಗುಣವನ್ನು ಅಳೆಯಲು ಎರಡನೇ ತೀರ್ಪುಗಾರರಾಗಿ ಕೂರಲು ಬರುವುದಿಲ್ಲ, ಮೈಕು ಕೆಟ್ಟಾಗ ಮೊದಲಿಂದ ಹಾಡಿಸುವುದು ತೀರ್ಪುಗಾರರ ವಿವೇಚನೆಗೆ ಬಿಟ್ಟಿದ್ದು. ಯಥಾಸ್ಥಿತಿಯ ಮಧ್ಯಂತರ ಆದೇಶ ರದ್ದು. ಇಷ್ಟು ಬರೆಸಿ ಪೆನ್ನು ಕೆಳಗಿಟ್ಟು, ಬರೆಸದೆ ಒಂದು ಮಾತು ಹೇಳಿದರು. "ಸ್ಪರ್ಧೆ ಮುಗಿದುಹೋಗಿದೆ ಅಲ್ವಾ? ಈ ಆದೇಶದಿಂದ ಈ ಮಗುಗೂ ಏನೂ ಸಿಗಲ್ಲ, ಆ ಮಗುಗೂ ಏನೂ ಸಿಗಲ್ಲ."

ಹೊರಗೆ ಬಂದಾಗ ಅಜ್ಜಿ ನನ್ನ ಕೆನ್ನೆ ಮುಟ್ಟಿ ನೆಟಿಕೆ ಮುರಿಯಿತು. "ಮಾರಾಯ್ತಿ, ದಿಟ ಏಳ್ಬುಟ್ಟೆ" ಅಂದಿತು. ನನಗೆ ಆ ಮಾತು ಹೊತ್ತುಕೊಳ್ಳಲಾಗಲಿಲ್ಲ. ನಾನು ಹೇಳಿದ್ದು ಯಾರಿಗೂ ಉಪಯೋಗವಿಲ್ಲದ ಹೊತ್ತಿನಲ್ಲಿ. ಅವಳನ್ನು ಬೆಂಗಳೂರಿಗೆ ಕಳಿಸಬಹುದಾಗಿದ್ದ ಕಾಲದಲ್ಲಿ ಬಾಯಿ ಮುಚ್ಚಿಕೊಂಡಿದ್ದೆ. ಅಪ್ಪನ ಮಾನ ಹೋಗುವುದನ್ನು ಬಿಟ್ಟರೆ ಬೇರೇನೂ ಆಗಲು ಸಾಧ್ಯವಿಲ್ಲದ ಕಾಲಕ್ಕೆ ಬಾಯಿ ತೆಗೆದೆ.

ಸಂಜೆಯ ರೈಲಿನಲ್ಲಿ ಅಪ್ಪ ನನಗೆ ಕಿಟಕಿಯ ಪಕ್ಕ ಜಾಗ ಹಿಡಿದುಕೊಟ್ಟ, ಕಡಲೆಕಾಯಿ ಕೊಡಿಸಿದ. ಬೈದಿದ್ದರೆ ನಾನು ಅತ್ತುಬಿಡುತ್ತಿದ್ದೆ, ಅಲ್ಲಿಗೆ ಒಂದು ದಾರಿಯಾಗುತ್ತಿತ್ತು.

ಆಮೇಲಿನ ದಿನಗಳ ಸುದ್ದಿ ನನಗೆ ಸಿಕ್ಕಿದ್ದು ಅಮ್ಮನಿಂದ. ಹೊಂಗೆ ಮರದ ಕೆಳಗೆ ಟೀ ಕುಡಿಯುವಾಗ ಕಿರಿಯ ವಕೀಲರು, "ಏನಣ್ಣ, ವಾದಿನೇ ಪ್ರತಿವಾದಿ ಪರ ಹೇಳಿಕೆ ಕೊಟ್ಲಂತಲ್ಲ. ಅಂಥ ದಾವಾ ನಮಗೂ ಒಂದು ಹೊಡ್ಕೊಡು" ಎಂದು ತಮಾಷೆ ಮಾಡುತ್ತಿದ್ದರಂತೆ. ತಮಾಷೆಯೇ. ಅವರಲ್ಲಿ ಕೆಟ್ಟವರು ಯಾರೂ ಇರಲಿಲ್ಲ. ಅಪ್ಪ ಒಂದು ದಿನ ಲ್ಯಾಪ್‌ಟಾಪು, ಪ್ರಿಂಟರು, ಟಾರ್ಪಾಲು ಎಲ್ಲವನ್ನೂ ಆಟೊದಲ್ಲಿ ಹಾಕಿಕೊಂಡು ಮದ್ದೂರಿಗೆ ಬಂದುಬಿಟ್ಟ. ತಾಲ್ಲೂಕು ಕಚೇರಿ ಎದುರಿಗೆ ಪಹಣಿ ಅರ್ಜಿ, ಆದಾಯ ಪ್ರಮಾಣಪತ್ರದ ಅರ್ಜಿ ಬರೆದುಕೊಡಲು ಕೂತ. ಕೇಳಿದವರಿಗೆಲ್ಲ, "ದಿನಾ ರೈಲಲ್ಲಿ ಓಡಾಡಕ್ಕಾಗಲ್ಲ, ಮಂಡಿ ನೋವು" ಅನ್ನುತ್ತಿದ್ದ. ಊಟಕ್ಕೆ ಕೂತಾಗ ಕಥೆ ಹೇಳುವುದು ನಿಂತಿತು. ಪಹಣಿಯಲ್ಲಿ ಕಥೆಯೆಲ್ಲಿ ಬರಬೇಕು? ಮುಂದೆ ಯಾವ ಸ್ಪರ್ಧೆಗೂ ಹೋಗು ಎಂದೂ ಅನ್ನಲಿಲ್ಲ, ಬೇಡ ಎಂದೂ ಅನ್ನಲಿಲ್ಲ. ನಾನೇ ಭಾನುವಾರದ ಪಾಠ ಬಿಟ್ಟೆ. ಪರೀಕ್ಷೆ ಇದೆ ಎಂದು ಮೇಡಂಗೆ ಹೇಳಿದೆ.

ನಾನು ಈಗ ಮಳವಳ್ಳಿಯಲ್ಲಿ ಸರ್ಕಾರಿ ಆಸ್ಪತ್ರೆಯ ಔಷಧಿ ಕಿಟಕಿಯಲ್ಲಿ ಕೆಲಸ ಮಾಡುತ್ತೇನೆ. ದಿನಾ ಮದ್ದೂರಿನಿಂದ ಬಸ್ಸು. ಈ ಕೆಲಸ ಸಿಕ್ಕಿದಾಗ ಮೊದಲು ಮನಸ್ಸಿಗೆ ಬಂದಿದ್ದು ಸಂಬಳವಲ್ಲ. ಒಂದಲ್ಲ ಒಂದು ದಿನ ಅವರು ಈ ಕಿಟಕಿಗೆ ಬರುತ್ತಾರೆ ಅನ್ನುವುದು. ಸೇರಿದ ಮೇಲೆ ಕೆಲವು ಕಾಲ ಅವಳ ವಯಸ್ಸಿನ ಯಾರು ಬಂದರೂ ಮುಖ ನೋಡುತ್ತಿದ್ದೆ. ಆಮೇಲೆ ನೋಡುವುದು ಬಿಟ್ಟುಹೋಯಿತು. ಬಿಟ್ಟ ಮೇಲೆ ಬಂದರು.

ಕಳೆದ ತಿಂಗಳು ಒಂದು ಸೋಮವಾರ, ಬಿ.ಪಿ. ಮಾತ್ರೆಗೆ ಒಂದು ಮುದುಕಿ ಕೈ ಚಾಚಿತು. ಬೆಳಗ್ಗೆ ಒಂದು, ರಾತ್ರಿ ಒಂದು ಎಂದು ಹೇಳುತ್ತಿದ್ದವಳು ಅದರ ಹಿಂದೆ ನಿಂತವಳನ್ನು ನೋಡಿ ನಿಂತೆ. ಅವಳ ಸೊಂಟದಲ್ಲಿ ಮಗು. ಅವಳೂ ನನ್ನನ್ನೇ ನೋಡುತ್ತಿದ್ದಳು.

"ಯಾಕವ್ವ ಸುಮ್ಕಾದೆ? ರಾತ್ರಿ ಒಂದ್ ತಗಳದಾ?" ಅಂದಿತು ಅಜ್ಜಿ.

"ಅಜ್ಜೀ, ಇವ್ರು ಅದೇ ಕಣಜ್ಜಿ. ಮಂಡ್ಯದಲ್ಲಿ ಕೇಸಾಕಿದ್ರಲ್ಲ."

ಅಜ್ಜಿ ಕಣ್ಣು ಕಿರಿದು ಮಾಡಿ ನನ್ನನ್ನು ನೋಡಿತು. "ಓ! ನೀನಾ ಮಗಾ! ದಿಟ ಏಳ್ದೋಳು!" ಎಂದು ಸರತಿಯಲ್ಲಿದ್ದವರಿಗೆಲ್ಲ ಕೇಳುವ ಹಾಗೆ ಕೂಗಿತು. "ಇವ್ಳು ಜಡ್ಜಮ್ಮನ್ ಮುಂದೇನೆ, ನಮ್ಮುಡ್ಗಿನೇ ಚೆಂದಾಗಾಡಿದ್ದು ಅಂದ್ಬುಟ್ಳು ಕಣ್ರಪ್ಪೋ!" ಊರಿನಲ್ಲಿ ಆ ಕಥೆ ಇಷ್ಟು ವರ್ಷ ಹಾಗೆಯೇ ಓಡಾಡಿದೆ ಎಂದು ಗೊತ್ತಾಯಿತು. ನಾನು ಮಾತ್ರೆಯ ಪೊಟ್ಟಣವನ್ನು ಬೇಗ ಬೇಗ ಅದರ ಕೈಗಿಟ್ಟೆ.

ಸರತಿ ಕರಗಿದ ಮೇಲೆ ನಾನು ಹೊರಗೆ ಬಂದು ಅವಳ ಜೊತೆ ಬೇವಿನ ಮರದ ಕೆಳಗೆ ನಿಂತೆ. ಕೆರಗೋಡಿನ ಕಡೆಗೆ ಮದುವೆಯಾಗಿದೆಯಂತೆ, ಅಜ್ಜಿಯನ್ನು ನೋಡಲು ಊರಿಗೆ ಬಂದಿದ್ದಳಂತೆ. ಮಂಡ್ಯದ ಹತ್ತಿರದ ಕೃಷಿ ಸಂಶೋಧನಾ ಕೇಂದ್ರ ವಿ.ಸಿ. ಫಾರಂನಲ್ಲಿ ಬಿತ್ತನೆ ಬೀಜ ಆರಿಸುವ ಕಡೆ ಗುತ್ತಿಗೆ ಕೆಲಸವಂತೆ. ಕೇಳಲೋ ಬೇಡವೋ ಅಂದುಕೊಂಡೇ ಕೇಳಿದೆ. "ಪೊಲೀಸ್ ಕೆಲಸ?"

ಅವಳಿಗೆ ತಕ್ಷಣ ಅರ್ಥವಾಯಿತು. "ಅಯ್ಯೋ, ಕೇಸಿಂದಲ್ಲ ಬುಡಿ! ಓಟದಲ್ಲಿ ಫೇಲಾದೆ. ಎರಡ್ ಸಲ" ಎಂದು ನಕ್ಕಳು.

"ಹಾಡ್ತೀರಾ?"

"ಮನೇಲಿ ಆಡ್ತೀನಿ, ಇವ್ನ ಮಲಗ್ಸಕ್ಕೆ. ಆಮೇಲೆ ಸ್ಟೇಜ್ ಅತ್ಲಿಲ್ಲ." ಮಗುವನ್ನು ಇನ್ನೊಂದು ಸೊಂಟಕ್ಕೆ ಬದಲಾಯಿಸಿಕೊಂಡಳು. "ಕಾಲೇಜಲ್ಲಿ ಕರದ್ರು. ಅಜ್ಜಿನೇ ಬ್ಯಾಡ ಅಂತು. ಗೆದ್ರೆ ಮತ್ತೆ ಅಮೀನ ಬತ್ತಾನೆ ಅಂತ." ಅದನ್ನೂ ನಗುತ್ತಲೇ ಹೇಳಿದಳು. ಹೊರಡುವಾಗ, "ನಿಮ್ಮಪ್ಪ ಎಂಗವ್ರೆ? ಆವತ್ತು ನಮ್ಗೆ ಬಸ್ ತೋರ್ಸಿದ್ರಲ್ಲ, ಅವ್ರೇ ನಿಮ್ಮಪ್ಪ ಅಂತ ಆಮೇಲೆ ಗೊತ್ತಾಯ್ತು. ಒಳ್ಳೆ ಮನುಸ್ರು" ಅಂದಳು.

ನಾನು ಕ್ಷಮಿಸು ಅಂದೆ. ಯಾತಕ್ಕೆ ಎಂದು ಅವಳು ಕೇಳಲಿಲ್ಲ. "ಸಣ್ಣೋರಾಗಿದ್ವಿ ಬುಡಿ" ಅಂದಳು, ಅಜ್ಜಿಯ ಕೈ ಹಿಡಿದುಕೊಂಡು ಗೇಟಿನ ಕಡೆ ನಡೆದಳು.

ಮನೆಗೆ ಬಂದಾಗ ಅಪ್ಪ ಜಗುಲಿಯಲ್ಲಿ ಕೂತು ಹುಣಸೆಹಣ್ಣಿನ ಬೀಜ ಬಿಡಿಸುತ್ತಿದ್ದ. ಕಣ್ಣಿನ ಆಪರೇಷನ್ ಆದ ಮೇಲೆ ಟೈಪಿಂಗ್ ಕಡಿಮೆ ಮಾಡಿದ್ದಾನೆ. ನಾನು ಚಪ್ಪಲಿ ಬಿಡುತ್ತಲೇ ಹೇಳಿದೆ, ಆ ಹುಡುಗಿ ಬಂದಿದ್ದಳು ಎಂದು. ಯಾವ ಹುಡುಗಿ ಎಂದು ಅವನು ಕೇಳಲಿಲ್ಲ. ಇಷ್ಟು ವರ್ಷ ಮನೆಯಲ್ಲಿ ಯಾರೂ ಆಡದಿದ್ದ ಮಾತು ಅದು.

"ಆಡ್ತಾಳಾ ಇನ್ನೂವೆ?" ಅಂದ.

"ಇಲ್ವಂತೆ."

ಅಜ್ಜಿಯ ಭಯದ ಮಾತನ್ನು ಅವನಿಗೆ ಹೇಳಬಾರದು ಎಂದು ಬಸ್ಸಿನಲ್ಲೇ ಗಟ್ಟಿ ಮಾಡಿಕೊಂಡಿದ್ದೆ. ಹೇಳಲಿಲ್ಲ. ಆದರೂ ಅವನ ಕೈ ನಿಂತಿತು.

"ಅಪ್ಪ, ಆವತ್ತು ಕೋರ್ಟಲ್ಲಿ ನಾನು ಹಂಗನ್ಬಾರ್ದಿತ್ತು. ಎಲ್ಲರ ಮುಂದೆ."

"ಅಂದಿದ್ದು ಸರಿಯಾಗೇ ಅಂದೆ" ಅಂದ ಅಪ್ಪ, ನನ್ನ ಕಡೆ ನೋಡದೆ. "ಆದ್ರೆ ಒಂದು ಕಣವ್ವ. ಆವತ್ತು ರೈಲಲ್ಲಿ ನೀನು ಮೈಕು ಅಂದೆ. ಆಮೇಲೆ ಆ ಉಡುಗಿ ಪಾಪ ಅಂದೆ. ಅವ್ಳೇ ಚೆಂದಾಗಾಡಿದ್ಲು ಅಂತ ನಂಗೆ ಏಳ್ಲೇ ಇಲ್ಲ. ಏಳಿದ್ರೆ ನಾನು ಅಲ್ಲಿಗೇ ಬುಟ್ಬುಡ್ತಿದ್ದೆ. ಜಡ್ಜ್ ಮುಂದೆ ಏಳಕ್ಕೆ ಬಂತು, ನನ್ ಮುಂದೆ ಏಳಕ್ಕೆ ಬರ್ಲಿಲ್ವಾ?"

ಅವನ ದನಿಯಲ್ಲಿ ಆಪಾದನೆ ಇರಲಿಲ್ಲ. ನಿಜವಾಗಿ ತಿಳಿದುಕೊಳ್ಳಬೇಕು ಅನ್ನುವ ಹಾಗೆ ಕೇಳಿದ. ನಿನಗೆ ನೋವಾಗುತ್ತದೆ ಅಂತ ಹೇಳಲಿಲ್ಲ ಅನ್ನಬಹುದಿತ್ತು. ಆದರೆ ಆ ಉತ್ತರವನ್ನು ಅವನ ಮುಂದೆ ಇಡುವುದಕ್ಕೆ ನನಗೆ ನಾಚಿಕೆಯಾಯಿತು. ಅವನು ತಡೆದುಕೊಳ್ಳಲಾರ ಎಂದು ತೀರ್ಮಾನಿಸಿದ್ದು ನಾನು, ಅವನನ್ನು ಒಂದು ಮಾತೂ ಕೇಳದೆ. ನಾನು ಅವನ ಪಕ್ಕ ಕೂತೆ. ಅವನು ಮೊರವನ್ನು ನಮ್ಮಿಬ್ಬರ ನಡುವೆ ಸರಿಸಿದ. ಕತ್ತಲಾಗುವವರೆಗೆ ಹುಣಸೆಹಣ್ಣು ಬಿಡಿಸುತ್ತಾ ಕೂತಿದ್ದೆವು.